ವಿದ್ಯುಚ್ಛಕ್ತಿಯ ಅಪಹರಣವೂ ‘ವಸ್ತು’ ಶಬ್ದದ ಅರ್ಥವೂ

ಶಬ್ದಗಳ ಅರ್ಥನಿರ್ಣಯವು ವೈಯಾಕರಣರಿಗೂ ಆಲಂಕಾರಿಕರಿಗೂ ಮಾತ್ರ ಸಂಬಂಧಪಟ್ಟ ವಿಷಯವೆಂದು ಸಾಮಾನ್ಯವಾಗಿ ಭಾವಿಸಲಾಗುತ್ತದೆ. ಆದರೆ ಒಂದು ಶಬ್ದದ ವ್ಯಾಪ್ತಿ ಎಲ್ಲಿಯವರೆಗೆ ಎಂಬುದರ ನಿರ್ಧಾರವನ್ನೇ ಅವಲಂಬಿಸಿ ಮನುಷ್ಯನು ಸೆರೆಮನೆಗೆ ಹೋಗಬೇಕಾದ ಅಥವಾ ಬಿಡುಗಡೆ ಹೊಂದಬೇಕಾದ ಪ್ರಸಂಗಗಳು ನ್ಯಾಯಶಾಸ್ತ್ರದ ಚರಿತ್ರೆಯಲ್ಲಿ ವಿರಳವಲ್ಲ. ವಿದ್ಯುಚ್ಛಕ್ತಿಯನ್ನು ಅನುಮತಿಯಿಲ್ಲದೆ ಉಪಯೋಗಿಸಿದವರ ಮೇಲೆ ಹೂಡಿದ ಮೊಕದ್ದಮೆಗಳು ಇಂತಹ ಪ್ರಸಂಗಗಳಲ್ಲಿ ಮುಖ್ಯವಾದುವು. ತಂತಿಯಲ್ಲಿ ಹರಿಯುವ ಶಕ್ತಿಯು ‘ವಸ್ತು’ವೇ ಅಲ್ಲವೇ ಎಂಬ ಒಂದೇ ಪ್ರಶ್ನೆಗೆ ಹತ್ತೊಂಬತ್ತನೆಯ ಶತಮಾನದ ಕೊನೆಯಿಂದ ಮೊದಲುಗೊಂಡು ಬೇರೆ ಬೇರೆ ದೇಶಗಳ ಉಚ್ಚ ನ್ಯಾಯಸ್ಥಾನಗಳು ಬೇರೆ ಬೇರೆ ಉತ್ತರಗಳನ್ನು ಕೊಟ್ಟಿವೆ. ಆ ಉತ್ತರಗಳ ಹಿಂದಿರುವ ತತ್ತ್ವವನ್ನೂ, ಭಾರತದಲ್ಲಿ ಆ ಪ್ರಶ್ನೆಯು ಪಡೆದ ರೂಪಾಂತರವನ್ನೂ ನಿರೂಪಿಸುವುದು ಈ ಲೇಖನದ ಉದ್ದೇಶ.

ಕಳವು ಎಂಬುದರ ಪ್ರಾಚೀನ ಲಕ್ಷಣವನ್ನು ಮೊದಲು ನೋಡಬೇಕು. ಒಡೆಯನ ಸಮಕ್ಷದಲ್ಲಿ ಬಲಾತ್ಕಾರದಿಂದ ತೆಗೆದುಕೊಳ್ಳುವುದು ಸಾಹಸ, ಪರೋಕ್ಷದಲ್ಲಿ ತೆಗೆದುಕೊಳ್ಳುವುದು ಸ್ತೇಯ ಎಂದು ಮನುಸ್ಮೃತಿಯು ವಿಭಾಗಿಸುತ್ತದೆ. ಕಲ್ಯಾಣದಲ್ಲಿ ಚಾಲುಕ್ಯ ಆರನೆಯ ವಿಕ್ರಮಾದಿತ್ಯನ ಆಳಿಕೆಯಲ್ಲಿ ಮಿತಾಕ್ಷರಾ ವ್ಯಾಖ್ಯಾನವನ್ನು ರಚಿಸಿದ ವಿಜ್ಞಾನೇಶ್ವರನೂ ಈ ವಿಭಾಗವನ್ನೇ ಅನುಸರಿಸುತ್ತಾನೆ. ಎರಡರಲ್ಲಿಯೂ ಪರರ ದ್ರವ್ಯವೊಂದು ಅವರ ಕೈಯಿಂದ ತಪ್ಪಿ ಕಳ್ಳನ ಕೈಗೆ ಹೋಗುವುದೇ ಮೂಲಭೂತವಾದ ಕಲ್ಪನೆ. ಯೂರೋಪಿನ ದಂಡಸಂಹಿತೆಗಳ ಕಲ್ಪನೆಯೂ ಇದಕ್ಕಿಂತ ಬಹು ದೂರವಾದುದಲ್ಲ. ಹಸು, ಧಾನ್ಯ, ಚಿನ್ನ ಮುಂತಾದುವುಗಳ ವಿಷಯದಲ್ಲಿ ಈ ಲಕ್ಷಣವು ನಿರಾತಂಕವಾಗಿ ಅನ್ವಯಿಸುತ್ತದೆ. ಕದ್ದುದನ್ನು ಹಿಡಿದು ತೋರಿಸಬಹುದು, ತೂಗಬಹುದು, ಒಡೆಯನಿಗೆ ಹಿಂದಿರುಗಿಸಬಹುದು.

ವಿದ್ಯುಚ್ಛಕ್ತಿಯಲ್ಲಿ ಇವು ಯಾವುವೂ ಸಾಧ್ಯವಲ್ಲ. ಮನೆಗಳಿಗೆ ಸರಬರಾಜಾಗುವ ಪರ್ಯಾಯ ಪ್ರವಾಹದಲ್ಲಿ ತಂತಿಯೊಳಗಿನ ಎಲೆಕ್ಟ್ರಾನುಗಳು ಸೆಕೆಂಡಿಗೆ 50 ಆವರ್ತಗಳಂತೆ ಇದ್ದ ಎಡೆಯ ಆಸುಪಾಸಿನಲ್ಲಿಯೇ ಹಿಂದಕ್ಕೂ ಮುಂದಕ್ಕೂ ತೂಗಾಡುತ್ತವೆಯಲ್ಲದೆ ಉತ್ಪಾದಕನ ಯಂತ್ರಾಗಾರದಿಂದ ಹೊರಟು ಬಳಕೆದಾರನ ದೀಪದಲ್ಲಿ ಬಂದು ನೆಲಸುವುದಿಲ್ಲ. ದೀಪವನ್ನು ಉರಿಸುವುದು ಆ ಚಲನೆಯ ಮೂಲಕ ಸಾಗಿಬಂದ ಶಕ್ತಿ. ಹೀಗಿರಲು ಕಳ್ಳನು ತೆಗೆದುಕೊಂಡ ವಸ್ತು ಯಾವುದು? ತರ್ಕಶಾಸ್ತ್ರದ ಪರಿಭಾಷೆಯಲ್ಲಿ ಕೇಳುವುದಾದರೆ, ವಿದ್ಯುತ್ತು ದ್ರವ್ಯವೋ, ಗುಣವೋ, ಕರ್ಮವೋ? ಅನ್ನಂಭಟ್ಟನ ತರ್ಕಸಂಗ್ರಹವು ಆಕಾಶದ ಮಿಂಚನ್ನು ತೇಜಸ್ಸೆಂಬ ದ್ರವ್ಯದ ‘ದಿವ್ಯ’ವೆಂಬ ಭೇದದಲ್ಲಿಯೂ, ಚಿನ್ನವನ್ನು ಅದೇ ತೇಜಸ್ಸಿನ ‘ಆಕರಜ’ವೆಂಬ ಭೇದದಲ್ಲಿಯೂ ಸೇರಿಸುತ್ತದೆ. ಈ ವರ್ಗೀಕರಣದಂತೆ ಮಿಂಚೂ ಚಿನ್ನವೂ ಒಂದೇ ದ್ರವ್ಯದ ಎರಡು ರೂಪಗಳು. ಪಾಶ್ಚಾತ್ಯ ನ್ಯಾಯಾಧೀಶರಿಗೆ ಇಂತಹ ಸೌಲಭ್ಯವಿರಲಿಲ್ಲ. ಅವರ ಕಾಲದ ಭೌತಶಾಸ್ತ್ರವು ವಿದ್ಯುತ್ತಿನ ಸ್ವರೂಪವನ್ನು ಇನ್ನೂ ಶೋಧಿಸುತ್ತಲೇ ಇದ್ದಿತು. ಜೆ. ಜೆ. ಥಾಮ್ಸನ್ನನು ಎಲೆಕ್ಟ್ರಾನನ್ನು ಕಂಡುಹಿಡಿದುದು 1897ರಲ್ಲಿ. ಜರ್ಮನಿಯ ಮೊದಲ ತೀರ್ಪು ಅದಕ್ಕೂ ಒಂದು ವರ್ಷ ಹಿಂದಿನದು.

ವಿದ್ಯುತ್ತಿಗಿಂತ ಮುಂಚೆ ನ್ಯಾಯಸ್ಥಾನಗಳ ಮುಂದೆ ಬಂದುದು ದೀಪದ ಅನಿಲ. ಮೀಟರಿಗೆ ಸೇರದಂತೆ ಪಕ್ಕದ ಕೊಳವೆಯನ್ನು ಜೋಡಿಸಿ ಅನಿಲವನ್ನು ಉರಿಸಿದವನನ್ನು ಇಂಗ್ಲೆಂಡಿನ ನ್ಯಾಯಾಧೀಶರು 1853ರಲ್ಲಿ ಕಳ್ಳನೆಂದೇ ನಿರ್ಣಯಿಸಿದರು. ಅನಿಲವು ಕಣ್ಣಿಗೆ ಕಾಣದಿದ್ದರೂ ಪಾತ್ರೆಯಲ್ಲಿ ತುಂಬತಕ್ಕ, ತೂಕವುಳ್ಳ ಪದಾರ್ಥವಾದುದರಿಂದ ಆ ನಿರ್ಣಯದಲ್ಲಿ ವಿಶೇಷ ಕಷ್ಟವಿರಲಿಲ್ಲ. ವಿದ್ಯುತ್ತಿನ ವಿಷಯದಲ್ಲಿ ಆಂಗ್ಲರು ನ್ಯಾಯಾಧೀಶರ ವ್ಯಾಖ್ಯಾನಕೌಶಲವನ್ನು ನಂಬಿ ಕುಳಿತಿರಲಿಲ್ಲ. ಲಂಡನ್ನಿನ ಹೋಬರ್ನ್ ವಯಡಕ್ಟಿನಲ್ಲಿ ಎಡಿಸನ್ನನ ವಿದ್ಯುದಾಗಾರವು ಕೆಲಸವನ್ನು ಆರಂಭಿಸಿದ 1882ರಲ್ಲಿಯೇ ಪಾರ್ಲಿಮೆಂಟು ವಿದ್ಯುದ್ದೀಪಶಾಸನವನ್ನು ಅಂಗೀಕರಿಸಿ, ಅದರ 23ನೆಯ ಕಲಮಿನಲ್ಲಿ ವಿದ್ಯುಚ್ಛಕ್ತಿಯನ್ನು ವಂಚನೆಯಿಂದ ಸೆಳೆದುಕೊಳ್ಳುವುದು ಕಳವಿನ ಅಪರಾಧವೆಂದು ವಿಧಿಸಿತು. ಪ್ರಶ್ನೆ ಹುಟ್ಟುವುದಕ್ಕೆ ಮುಂಚೆಯೇ ಉತ್ತರವನ್ನು ಸಿದ್ಧಪಡಿಸಿದಂತಾಯಿತು.

ಜರ್ಮನಿಯಲ್ಲಿ ಹಾಗಾಗಲಿಲ್ಲ. ಅಲ್ಲಿಯ ದಂಡಸಂಹಿತೆಯ 242ನೆಯ ಕಲಮು ಪರರ ‘ಚಲಿಸತಕ್ಕ ವಸ್ತು’ವನ್ನು ಅಪಹರಿಸುವುದೇ ಕಳವೆಂದು ಹೇಳುತ್ತಿದ್ದಿತು. 1896ರ ಅಕ್ಟೋಬರ್ 20ರಂದು ಸಾಮ್ರಾಜ್ಯದ ಪರಮೋಚ್ಚ ನ್ಯಾಯಸ್ಥಾನವು ವಸ್ತುವೆಂದರೆ ಮೂರ್ತವಾದುದು, ವಿದ್ಯುತ್ತು ಮೂರ್ತವೆಂದು ಸಿದ್ಧವಾಗಿಲ್ಲ, ಆದುದರಿಂದ ಅದನ್ನು ಸೆಳೆದುಕೊಂಡವನು ಕಳ್ಳನಲ್ಲವೆಂದು ತೀರ್ಮಾನಿಸಿತು. 1899ರ ಮೇ 1ರಂದು ಅದೇ ಅಭಿಪ್ರಾಯವನ್ನು ಮತ್ತೊಮ್ಮೆ ದೃಢಪಡಿಸಿತು. ನ್ಯಾಯಾಧೀಶರು ವಂಚಕನ ಕೃತ್ಯವನ್ನು ಒಪ್ಪಿದರೆಂದು ಇದರ ಅರ್ಥವಲ್ಲ. ಕೃತ್ಯವು ನಿಂದ್ಯವಾದುದೇ ಆಗಿರಬಹುದು, ಶಿಕ್ಷೆಗೆ ತಕ್ಕುದೇ ಆಗಿರಬಹುದು. ಆದರೆ ಶಿಕ್ಷಿಸಬೇಕೆಂಬ ವಿಧಿಯನ್ನು ನಿರ್ಮಿಸುವ ಅಧಿಕಾರವು ಶಾಸನಸಭೆಯದೇ ಹೊರತು ಸಾದೃಶ್ಯದ ಬಲದಿಂದ ಶಬ್ದವನ್ನು ಹಿಗ್ಗಿಸುವ ನ್ಯಾಯಾಧೀಶನದಲ್ಲವೆಂಬುದೇ ಅವರ ಸಿದ್ಧಾಂತ. ಶಾಸನಸಭೆಯು 1900ರ ಏಪ್ರಿಲ್ 9ರಂದು ಪ್ರತ್ಯೇಕ ಶಾಸನವನ್ನು ಹೊರಡಿಸಿ ಈ ಕೊರತೆಯನ್ನು ತುಂಬಿತು. ಕ್ರಮವಾಗಿ ಶಕ್ತಿಯನ್ನು ತೆಗೆದುಕೊಳ್ಳುವುದಕ್ಕೆಂದು ಏರ್ಪಡಿಸಿರದ ವಾಹಕದ ಮೂಲಕ ವಿದ್ಯುಚ್ಛಕ್ತಿಯನ್ನು ಸೆಳೆಯುವುದು ಅದರಂತೆ ಅಪರಾಧವಾಯಿತು. ಈ ವಿಧಿಯು 1953ರಲ್ಲಿ ದಂಡಸಂಹಿತೆಯೊಳಕ್ಕೇ ಸೇರಿತು. ವಾಹಕದ ಮಾತನ್ನು ಇಷ್ಟು ಖಚಿತವಾಗಿ ಹೇಳಿದುದರಿಂದ, ಗೋಡೆಯಲ್ಲಿರುವ ಸಾಧಾರಣ ಪ್ಲಗ್ಗಿನಿಂದಲೇ ಅನುಮತಿಯಿಲ್ಲದೆ ಶಕ್ತಿಯನ್ನು ಪಡೆದವನು ಈ ವಿಧಿಗೆ ಸಿಕ್ಕುವುದಿಲ್ಲ. ಶಬ್ದವನ್ನು ನಿಷ್ಠೆಯಿಂದ ಪಾಲಿಸುವ ಪದ್ಧತಿಯ ಗುಣವೂ ದೋಷವೂ ಇದರಲ್ಲಿ ಏಕಕಾಲಕ್ಕೆ ಕಂಡುಬರುತ್ತವೆ.

ಇತರ ದೇಶಗಳು ಎರಡನೆಯ ಮಾರ್ಗವನ್ನು ಹಿಡಿದುವು. ಜಪಾನಿನ 1880ರ ದಂಡಸಂಹಿತೆಯೂ ಪರರ ‘ವಸ್ತು’ವಿನ ಕಳವನ್ನೇ ಹೇಳುತ್ತಿದ್ದಿತು. ಟೋಕಿಯೋವಿನ ಅಪೀಲು ನ್ಯಾಯಾಲಯವು ವಿದ್ಯುತ್ತು ವಸ್ತುವಲ್ಲವೆಂದು ಆಪಾದಿತನನ್ನು ಬಿಡುಗಡೆ ಮಾಡಿತು. ಆದರೆ 1903ರ ಮೇ 21ರಂದು ಅಲ್ಲಿಯ ಪರಮೋಚ್ಚ ನ್ಯಾಯಸ್ಥಾನವು ಇದನ್ನು ಒಪ್ಪದೆ, ಕಳವಿನ ವಿಷಯವಾಗಲು ಮೂರ್ತತ್ವವು ಅವಶ್ಯಕವಲ್ಲ, ಒಂದೆಡೆಯಿಂದ ಇನ್ನೊಂದೆಡೆಗೆ ಸಾಗಿಸುವುದಕ್ಕೂ ಮನುಷ್ಯನು ತನ್ನ ವಶದಲ್ಲಿಟ್ಟುಕೊಳ್ಳುವುದಕ್ಕೂ ಸಾಧ್ಯವಾದರೆ ಸಾಕೆಂದು ನಿರ್ಣಯಿಸಿತು. ಗಮನಾರ್ಹವಾದ ಸಂಗತಿಯೇನೆಂದರೆ, ಈ ತೀರ್ಪಿದ್ದರೂ 1907ರ ಹೊಸ ದಂಡಸಂಹಿತೆಯ 245ನೆಯ ಕಲಮು ವಿದ್ಯುತ್ತನ್ನು ಸ್ವತ್ತೆಂದು ‘ಭಾವಿಸತಕ್ಕದ್ದು’ ಎಂದು ಬಾಯಿಬಿಟ್ಟು ಹೇಳಿತು. ಹಾಗೆ ಹೇಳಬೇಕಾಗಿ ಬಂದುದೇ ತೀರ್ಪಿನಿಂದ ಸಂಶಯವು ಪೂರ್ಣವಾಗಿ ನಿವಾರಣೆಯಾಗಲಿಲ್ಲವೆಂಬುದಕ್ಕೆ ಸಾಕ್ಷಿ. ಫ್ರಾನ್ಸಿನ ಪರಮೋಚ್ಚ ನ್ಯಾಯಸ್ಥಾನವು 1912ರ ಆಗಸ್ಟ್ 3ರಂದು, ಉತ್ಪಾದಕನ ವಶದಿಂದ ಗ್ರಾಹಕನ ವಶಕ್ಕೆ ವಿದ್ಯುತ್ತು ಹಸ್ತಾಂತರವಾಗುವುದನ್ನು ಪರೀಕ್ಷಿಸಿ ತಿಳಿಯಬಹುದಾದುದರಿಂದ ಅದು ಕಳವಿಗೆ ವಿಷಯವಾಗುತ್ತದೆಂದು ಹೇಳಿತು. ಅಲ್ಲಿಯೂ 1994ರಲ್ಲಿ ಜಾರಿಗೆ ಬಂದ ದಂಡಸಂಹಿತೆಯು ಶಕ್ತಿಯ ಅಪಹರಣವನ್ನು ಪ್ರತ್ಯೇಕವಾಗಿ ಉಚ್ಚರಿಸಿ ಕಳವಿಗೆ ಸಮೀಕರಿಸಿತು.

ಈ ಮಾರ್ಗದ ಅತ್ಯಂತ ಪ್ರಸಿದ್ಧವಾದ ಉದಾಹರಣೆಯು ನೆದರ್ಲೆಂಡ್ಸಿನದು. ಹೇಗ್ ನಗರದ ದಂತವೈದ್ಯನೊಬ್ಬನು ನೂಲುಹೆಣಿಗೆಯ ಕಡ್ಡಿಯೊಂದನ್ನು ಮೀಟರಿನೊಳಕ್ಕೆ ತೂರಿಸಿ ಅದರ ಚಕ್ರವು ತಿರುಗದಂತೆ ಮಾಡಿ, ನಗರಸಭೆಯ ವಿದ್ಯುಚ್ಛಕ್ತಿಯನ್ನು ಹಣ ಕೊಡದೆ ಉಪಯೋಗಿಸಿದನು. ವಿದ್ಯುತ್ತು ದಂಡಸಂಹಿತೆಯಲ್ಲಿ ಹೇಳಿರುವ ‘ಸರಕು’ ಅಲ್ಲವೆಂಬುದೇ ಅವನ ಪರವಾದ ವಾದ. 1921ರ ಮೇ 23ರಂದು ಅಲ್ಲಿಯ ಪರಮೋಚ್ಚ ನ್ಯಾಯಸ್ಥಾನವು, ಈ ವಿಧಿಯ ಉದ್ದೇಶವು ಪರರ ಸಂಪತ್ತಿನ ರಕ್ಷಣೆ, ವಿದ್ಯುತ್ತನ್ನು ಶ್ರಮದಿಂದಲೂ ವೆಚ್ಚದಿಂದಲೂ ಉತ್ಪಾದಿಸಬೇಕು, ಅದನ್ನು ಒಬ್ಬರಿಂದೊಬ್ಬರಿಗೆ ವರ್ಗಾಯಿಸಬಹುದು, ಅದಕ್ಕೆ ಬೆಲೆಯುಂಟು, ಆದುದರಿಂದ ಅದು ‘ಸರಕು’ ಎಂದು ತೀರ್ಮಾನಿಸಿ ಮೂರು ತಿಂಗಳ ಸೆರೆವಾಸವನ್ನು ಎತ್ತಿಹಿಡಿಯಿತು. ನೆದರ್ಲೆಂಡ್ಸಿನ ನ್ಯಾಯಶಾಸ್ತ್ರ ವಿದ್ಯಾರ್ಥಿಗಳು ಈ ತೀರ್ಪನ್ನು ಇಂದಿಗೂ ಓದುತ್ತಾರೆ.

ಸಾಮಾನ್ಯ ಓದುಗನ ಮನಸ್ಸು ಹೇಗ್ ನಗರದ ತೀರ್ಪಿನ ಕಡೆಗೆ ವಾಲುವುದು ಸಹಜ. ಜರ್ಮನ್ ತೀರ್ಪು ಕೇವಲ ಅಕ್ಷರದಾಸ್ಯವೆಂದು ತೋರುತ್ತದೆ. ಆದರೆ ಅಕ್ಷರದ ಕಟ್ಟನ್ನು ಬಿಚ್ಚಿದರೆ ಏನಾಗಬಹುದೆಂಬುದನ್ನು ಆ ದೇಶದ ಚರಿತ್ರೆಯೇ ತೋರಿಸಿಕೊಟ್ಟಿದೆ. 1935ರ ಜೂನ್ 28ರಂದು ನಾಜಿ ಸರ್ಕಾರವು ದಂಡಸಂಹಿತೆಯನ್ನು ತಿದ್ದಿ, ಶಾಸನದಲ್ಲಿ ಸ್ಪಷ್ಟವಾಗಿ ಹೇಳಿರದ ಕೃತ್ಯವನ್ನೂ ಜನತೆಯ ‘ಆರೋಗ್ಯಕರ ಭಾವನೆ’ಗೆ ವಿರುದ್ಧವಾಗಿದ್ದರೆ ಸಾದೃಶ್ಯದಿಂದ ಶಿಕ್ಷಿಸಬಹುದೆಂದು ವಿಧಿಸಿತು. ವಿದ್ಯುಚ್ಚೋರನನ್ನು ಒಮ್ಮೆ ಬಿಡಿಸಿದ ತತ್ತ್ವವೇ ನಿರಪರಾಧಿಯ ರಕ್ಷಣೆಗೂ ಇದ್ದ ತತ್ತ್ವ. ಅದು ಹೋದ ಮೇಲೆ ಯಾರಿಗೂ ರಕ್ಷಣೆಯಿರಲಿಲ್ಲ. ಯುದ್ಧಾನಂತರ 1946ರಲ್ಲಿ ಮಿತ್ರರಾಷ್ಟ್ರಗಳ ಆಡಳಿತಮಂಡಲಿಯು ಈ ತಿದ್ದುಪಡಿಯನ್ನು ರದ್ದುಗೊಳಿಸಿತು. ಹೇಗ್ ನಗರದ ನ್ಯಾಯಾಧೀಶರು ಇಂತಹ ದಾರಿಯನ್ನು ತುಳಿದರೆಂದು ಯಾರೂ ಹೇಳಲಾರರು. ಆದರೂ ವಿಧಿಯ ಉದ್ದೇಶವನ್ನು ನೋಡಿ ಶಬ್ದದ ಅರ್ಥವನ್ನು ಹಿಗ್ಗಿಸುವುದಕ್ಕೂ, ಶಬ್ದವನ್ನೇ ಬದಿಗೊತ್ತುವುದಕ್ಕೂ ನಡುವಣ ಗೆರೆಯು ಬಹು ಸೂಕ್ಷ್ಮವಾದುದೆಂಬುದನ್ನು ಮರೆಯಲಾಗದು.

ಇನ್ನು ಭಾರತದ ವಿಷಯ. 1860ರ ದಂಡಸಂಹಿತೆಯ 378ನೆಯ ಕಲಮು ಕಳವನ್ನು ‘ಚರಸ್ವತ್ತಿ’ಗೆ ಸಂಬಂಧಿಸಿ ಲಕ್ಷಣೀಕರಿಸಿತು. ಚರಸ್ವತ್ತೆಂದರೆ ಭೂಮಿಯನ್ನೂ ಭೂಮಿಗೆ ಅಂಟಿದುದನ್ನೂ ಬಿಟ್ಟು ಉಳಿದ ‘ಮೂರ್ತ’ ಸ್ವತ್ತೆಂದು 22ನೆಯ ಕಲಮು ವಿವರಿಸಿತು. ಆಗ ಈ ದೇಶದಲ್ಲಿ ವಿದ್ಯುಚ್ಛಕ್ತಿಯ ಸರಬರಾಜೆಂಬುದು ಇರಲಿಲ್ಲ. ಮೈಸೂರು ಸಂಸ್ಥಾನದ ಶಿವನಸಮುದ್ರದಿಂದ ಕೋಲಾರದ ಚಿನ್ನದ ಗಣಿಗಳಿಗೆ ವಿದ್ಯುಚ್ಛಕ್ತಿಯು ಹರಿದುದು 1902ರಲ್ಲಿ. ಬೆಂಗಳೂರಿನ ಬೀದಿಗಳಲ್ಲಿ ವಿದ್ಯುದ್ದೀಪಗಳು ಬೆಳಗಿದುದು 1905ರಲ್ಲಿ. ಬ್ರಿಟಿಷ್ ಇಂಡಿಯಾದಲ್ಲಿ 1903ರ ವಿದ್ಯುಚ್ಛಕ್ತಿಶಾಸನದ ಸ್ಥಾನದಲ್ಲಿ 1910ರ ಶಾಸನವು ಬಂದಿತು. ಅದರ 39ನೆಯ ಕಲಮು, ಅಪ್ರಾಮಾಣಿಕವಾಗಿ ವಿದ್ಯುಚ್ಛಕ್ತಿಯನ್ನು ಸೆಳೆಯುವವನು, ವ್ಯಯಮಾಡುವವನು ಅಥವಾ ಉಪಯೋಗಿಸುವವನು ದಂಡಸಂಹಿತೆಯ ಅರ್ಥದಲ್ಲಿ ಕಳವು ಮಾಡಿದನೆಂದು ‘ಭಾವಿಸತಕ್ಕದ್ದು’ ಎಂದು ವಿಧಿಸಿತು. ಸೆಳೆಯುವುದಕ್ಕೆ ಕೃತ್ರಿಮ ಸಾಧನವಿದ್ದರೆ ಅದೇ ಅಪ್ರಾಮಾಣಿಕತೆಗೆ ಮೇಲ್ನೋಟದ ಸಾಕ್ಷ್ಯವೆಂದೂ ಹೇಳಿತು.

‘ಕಳವು’ ಎಂಬುದಕ್ಕೂ ‘ಕಳವೆಂದು ಭಾವಿಸತಕ್ಕದ್ದು’ ಎಂಬುದಕ್ಕೂ ಇರುವ ಅಂತರವನ್ನು ಸಾಹಿತ್ಯಾಭ್ಯಾಸಿಗಳು ರೂಪಕಕ್ಕೂ ಉತ್ಪ್ರೇಕ್ಷೆಗೂ ಇರುವ ಅಂತರದೊಡನೆ ಹೋಲಿಸಬಹುದು. ರೂಪಕದಲ್ಲಿ ಮುಖವು ಚಂದ್ರನೇ; ಉತ್ಪ್ರೇಕ್ಷೆಯಲ್ಲಿ ಚಂದ್ರನೋ ಎಂಬಂತೆ ಸಂಭಾವನೆ ಮಾತ್ರ. ಈ ಅಂತರವು ಕೇವಲ ಶಾಬ್ದಿಕವೆಂದು ತೋರಿದರೂ ಅದರ ಫಲವು ಶಾಬ್ದಿಕವಾಗಿ ಉಳಿಯಲಿಲ್ಲ. ಅದೇ ಶಾಸನದ 50ನೆಯ ಕಲಮಿನಂತೆ, ಆ ಶಾಸನಕ್ಕೆ ವಿರುದ್ಧವಾದ ಅಪರಾಧಕ್ಕಾಗಿ ಮೊಕದ್ದಮೆಯನ್ನು ಸರ್ಕಾರವು, ವಿದ್ಯುಚ್ಛಕ್ತಿ ಇನ್‌ಸ್ಪೆಕ್ಟರು ಅಥವಾ ನೊಂದವನು ಮಾತ್ರ ಹೂಡಿಸಬಹುದು. ವಿದ್ಯುತ್ತಿನ ಅಪಹರಣವು ನಿಜವಾದ ಕಳವಾದರೆ ಅದು ದಂಡಸಂಹಿತೆಯ ಅಪರಾಧ. ಈ ನಿಬಂಧನೆ ಅದಕ್ಕೆ ತಗಲದು. ಕಳವೆಂದು ಭಾವಿಸಲ್ಪಟ್ಟುದು ಮಾತ್ರವಾದರೆ ಅದು ವಿದ್ಯುಚ್ಛಕ್ತಿಶಾಸನದ ಅಪರಾಧ, ನಿಬಂಧನೆಯನ್ನು ಪಾಲಿಸಲೇಬೇಕು. ಈ ವಿಷಯದಲ್ಲಿ ಹೈಕೋರ್ಟುಗಳು ಪರಸ್ಪರ ಭಿನ್ನಾಭಿಪ್ರಾಯಗಳನ್ನು ಹೇಳಿದುವು. ಕಡೆಗೆ ಅವತಾರ ಸಿಂಗ್ ವಿರುದ್ಧ ಪಂಜಾಬ್ ರಾಜ್ಯ ಎಂಬ, 1965ರ ತೀರ್ಪುಸಂಪುಟಗಳಲ್ಲಿ ಅಚ್ಚಾದ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ಎರಡನೆಯ ಪಕ್ಷವನ್ನೇ ಹಿಡಿಯಿತು. 39ನೆಯ ಕಲಮು ಇಲ್ಲದಿದ್ದರೆ ಈ ಕೃತ್ಯವು ಅಪರಾಧವೇ ಆಗುತ್ತಿರಲಿಲ್ಲವಾದುದರಿಂದ ಅದು ಆ ಶಾಸನದಿಂದಲೇ ಹುಟ್ಟಿದ ಅಪರಾಧ. ಮೊಕದ್ದಮೆಯನ್ನು ಅಧಿಕಾರವುಳ್ಳವರು ಹೂಡಿಸಿರಲಿಲ್ಲವಾದ ಕಾರಣ ಶಿಕ್ಷೆಯು ರದ್ದಾಯಿತು. ಆಪಾದಿತನನ್ನು ಬಿಡಿಸಿದುದು ‘ಭಾವಿಸತಕ್ಕದ್ದು’ ಎಂಬ ಒಂದು ಕ್ರಿಯಾಪದ.

ಸಾಕ್ಷ್ಯದ ವಿಷಯದಲ್ಲಿಯೂ ಸುಪ್ರೀಂ ಕೋರ್ಟು ಇಷ್ಟೇ ಎಚ್ಚರಿಕೆಯನ್ನು ತೋರಿಸಿತು. ಜಗನ್ನಾಥ ಸಿಂಗ್ ವಿರುದ್ಧ ಬಿ. ಎಸ್. ರಾಮಸ್ವಾಮಿ ಎಂಬ, 1966ರಲ್ಲಿ ಪ್ರಕಟವಾದ ತೀರ್ಪಿನಲ್ಲಿ ವಿಚಾರಕ್ಕೆ ಬಂದುದು ಮೀಟರಿನ ಹೊದಿಕೆಯಲ್ಲಿ ಬಯಲಾಗಿದ್ದ ಒಂದು ರಂಧ್ರ. ಅದರ ಮೂಲಕ ತೆಳುವಾದ ಕಡ್ಡಿಯನ್ನು ತೂರಿಸಿ ಚಕ್ರವನ್ನು ತಡೆಯಲು ಸಾಧ್ಯವಿದ್ದಿತು. ಹೇಗ್ ನಗರದ ದಂತವೈದ್ಯನ ಉಪಾಯವೂ ಇದೇ ಜಾತಿಯದು. ಆದರೆ ಕಡ್ಡಿಯನ್ನು ತೂರಿಸಬಹುದೆಂಬುದು ಬೇರೆ, ತೂರಿಸಿದನೆಂಬುದು ಬೇರೆ. ರಂಧ್ರವೊಂದರಿಂದಲೇ ಮೀಟರು ಅಪಹರಣದ ಕೃತ್ರಿಮ ಸಾಧನವಾಗುವುದಿಲ್ಲ, ಹಾದುಹೋದ ಶಕ್ತಿಗಿಂತ ಕಡಮೆ ದಾಖಲಿಸುವಂತೆ ಅದನ್ನು ಮಾರ್ಪಡಿಸಿರಬೇಕು, ತಾಳೆನೋಡುವ ಮತ್ತೊಂದು ಮೀಟರಿನಿಂದ ಇದನ್ನು ಸುಲಭವಾಗಿ ಸಿದ್ಧಪಡಿಸಬಹುದು ಎಂದು ನ್ಯಾಯಾಲಯವು ಹೇಳಿತು.

ಇದಾದ ಮೇಲೆ ಶಾಸನವು ಉಪಮಾನವನ್ನು ಕ್ರಮವಾಗಿ ಕೈಬಿಟ್ಟಿತು. 1986ರ ತಿದ್ದುಪಡಿಯು ದಂಡಸಂಹಿತೆಯ ಆಶ್ರಯವನ್ನು ತೊರೆದು, 39ನೆಯ ಕಲಮಿಗೇ 3 ವರ್ಷದವರೆಗಿನ ಸೆರೆವಾಸ, ಅಥವಾ 1,000 ರೂಪಾಯಿಗೆ ಕಡಮೆಯಿಲ್ಲದ ಜುಲ್ಮಾನೆ, ಅಥವಾ ಎರಡನ್ನೂ ಸ್ವತಂತ್ರವಾಗಿ ವಿಧಿಸಿತು. ಹಳೆಯ ಶಾಸನಗಳನ್ನು ರದ್ದುಮಾಡಿದ 2003ರ ವಿದ್ಯುಚ್ಛಕ್ತಿಶಾಸನವು ಇನ್ನೂ ಮುಂದೆ ಹೋಗಿ ವಿಷಯವನ್ನೇ ಎರಡಾಗಿ ಸೀಳಿತು. ಅದರ 135ನೆಯ ಕಲಮು ಅಪ್ರಾಮಾಣಿಕ ಬುದ್ಧಿಯಿಂದ ಮಾಡಿದ ಕಳವಿಗೆ ಸಂಬಂಧಿಸಿದುದು. ಅದರ ವಿಚಾರಣೆಗೆ ವಿಶೇಷ ನ್ಯಾಯಾಲಯಗಳುಂಟು. 126ನೆಯ ಕಲಮು ‘ಅನಧಿಕೃತ ಉಪಯೋಗ’ಕ್ಕೆ ಸಂಬಂಧಿಸಿದುದು. ಕೃತ್ರಿಮ ಸಾಧನ, ಕೆಡಿಸಿದ ಮೀಟರು ಮೊದಲಾದುವುಗಳೊಡನೆ, ಅನುಮತಿ ಪಡೆದ ಉದ್ದೇಶಕ್ಕಲ್ಲದೆ ಬೇರೆ ಉದ್ದೇಶಕ್ಕೆ ಬಳಸುವುದೂ, ಅನುಮತಿ ಪಡೆದ ಸ್ಥಳವಲ್ಲದೆ ಬೇರೆ ಸ್ಥಳಕ್ಕೆ ಒಯ್ಯುವುದೂ ಇದರಲ್ಲಿ ಸೇರಿದುವು. ಮನೆಗೆಂದು ಪಡೆದ ಶಕ್ತಿಯಿಂದ ಅಂಗಡಿಯನ್ನು ನಡೆಸುವವನು ಹಣವನ್ನು ತಪ್ಪದೆ ಕಟ್ಟುತ್ತಿದ್ದರೂ ಈ ವಿಧಿಗೆ ಒಳಗಾಗುತ್ತಾನೆ.

ಇದು ನೂತನವೆಂದು ತೋರಿದರೂ ಇದರ ಬೀಜವು ಅತಿ ಪುರಾತನವಾದುದು. ಒಂದು ಊರಿಗೆಂದು ಎರವಲು ಪಡೆದ ಕುದುರೆಯನ್ನು ಅದರಾಚೆಗೆ ಓಡಿಸಿಕೊಂಡು ಹೋದವನನ್ನು ರೋಮನ್ ನ್ಯಾಯಶಾಸ್ತ್ರವು ಕಳ್ಳರ ಸಾಲಿಗೆ ಸೇರಿಸಿದ್ದಿತು. ಕ್ರಿಸ್ತಶಕ ಎರಡನೆಯ ಶತಮಾನದ ಗಾಯಸನು ಕುದುರೆಯ ಉದಾಹರಣೆಯನ್ನೇ ಕೊಟ್ಟಿದ್ದಾನೆ. ಅಲ್ಲಿ ಕದ್ದುದು ಕುದುರೆಯನ್ನಲ್ಲ, ಅದರ ಉಪಯೋಗವನ್ನು. ಆದರೆ ಮಾಲೀಕನು ಒಪ್ಪನೆಂದು ತಿಳಿದೂ ಹಾಗೆ ಮಾಡಿದವನು ಮಾತ್ರ ಕಳ್ಳನೆಂದು ಗಾಯಸನು ಎಚ್ಚರಿಸುತ್ತಾನೆ. 126ನೆಯ ಕಲಮು ಮನಸ್ಸಿನ ಈ ಪರೀಕ್ಷೆಯನ್ನೇ ಬಿಟ್ಟಿದೆ. ಒರಿಸ್ಸಾದ ಸೀತಾರಾಮ್ ಅಕ್ಕಿಗಿರಣಿಯ ಮೊಕದ್ದಮೆಯಲ್ಲಿ 2011ರ ಅಕ್ಟೋಬರ್ 20ರಂದು ಸುಪ್ರೀಂ ಕೋರ್ಟು ಈ ಅಂತರವನ್ನು ಸ್ಪಷ್ಟಪಡಿಸಿತು. 135ಕ್ಕೆ ದುಷ್ಟಬುದ್ಧಿಯು ಅವಶ್ಯಕ. 126 ನಷ್ಟವನ್ನು ತುಂಬಿಕೊಳ್ಳುವ ವಿಧಿಯಾದುದರಿಂದ ಅದಕ್ಕೆ ಅದು ಬೇಕಿಲ್ಲ. ಒಪ್ಪಿದ ಪ್ರಮಾಣವನ್ನು ಮೀರಿ ಶಕ್ತಿಯನ್ನು ಸೆಳೆದರೂ ಅದು ಅನಧಿಕೃತ ಉಪಯೋಗವೇ. ಕೇರಳದ ಮೊಕದ್ದಮೆಯೊಂದರಲ್ಲಿ 2022ರಲ್ಲಿ ಈ ಅಭಿಪ್ರಾಯವನ್ನು ಅನುಸರಿಸಿ, ಅದಕ್ಕೆ ವಿರುದ್ಧವಾಗಿದ್ದ ಆ ರಾಜ್ಯದ ನಿಯಮವನ್ನು ಅಸಿಂಧುವೆಂದು ಘೋಷಿಸಲಾಯಿತು.

ಇಲ್ಲಿಯೇ ಇಂದಿನ ಬಳಕೆದಾರನ ಸಂಕಟವಿರುವುದು. 2007ರ ತಿದ್ದುಪಡಿಯ ಮೇಲೆ ಅನಧಿಕೃತ ಉಪಯೋಗಕ್ಕೆ ದರದ ಎರಡರಷ್ಟು ತೆರಬೇಕು. ಅವಧಿಯು ಖಚಿತವಾಗದಿದ್ದರೆ ತಪಾಸಣೆಯ ಹಿಂದಿನ 12 ತಿಂಗಳಿಗೆ ಲೆಕ್ಕಹಾಕಬಹುದು. ಲೆಕ್ಕಹಾಕುವ ಅಧಿಕಾರಿಯು ಸರಬರಾಜು ಮಾಡುವ ಸಂಸ್ಥೆಯವನೇ ಆಗಿರಬಹುದು. ಆಕ್ಷೇಪಣೆಗೆ ಅವಕಾಶವುಂಟು, 30 ದಿನಗಳೊಳಗೆ ಅಪೀಲನ್ನೂ ಮಾಡಬಹುದು, ಆದರೆ ಅದಕ್ಕೆ ಮುಂಚೆ ಮೊಬಲಗಿನ ಅರ್ಧವನ್ನು ಕಟ್ಟಬೇಕು. ಸಿವಿಲ್ ನ್ಯಾಯಾಲಯದ ಬಾಗಿಲನ್ನು 145ನೆಯ ಕಲಮು ಮುಚ್ಚಿದೆ. ಸಾರ್ವಜನಿಕರಿಗೆ ಸೇರಿದ ಶಕ್ತಿಯು ಸೋರಿಹೋಗದಂತೆ ತಡೆಯಲು ಈ ಕಾಠಿಣ್ಯವು ಬೇಕೆಂಬ ವಾದದಲ್ಲಿ ಹುರುಳಿಲ್ಲದಿಲ್ಲ. ಒಬ್ಬನು ಕದ್ದುದರ ಬೆಲೆಯನ್ನು ಉಳಿದವರು ದರದ ರೂಪದಲ್ಲಿ ತೆರಬೇಕಾಗುತ್ತದೆ. ಆದರೆ ಕಳ್ಳನೆಂದು ಕರೆಯುವ ಮೊದಲು ಶಬ್ದವನ್ನೂ ಸಾಕ್ಷ್ಯವನ್ನೂ ಮನಸ್ಸನ್ನೂ ತೂಗಿ ನೋಡುತ್ತಿದ್ದ ನ್ಯಾಯವು, ‘ಕಳ್ಳ’ ಎಂಬ ಹೆಸರನ್ನು ಬಿಟ್ಟ ಮಾತ್ರಕ್ಕೆ ಆ ತಕ್ಕಡಿಯನ್ನು ಕೆಳಗಿಡುವುದು ಯುಕ್ತವಲ್ಲ. ಹೆಸರು ಸೌಮ್ಯವಾದರೂ ಮೊಬಲಗಿನ ಭಾರವು ಸೌಮ್ಯವಾದುದಲ್ಲ.

1860ರ ದಂಡಸಂಹಿತೆಯ ಸ್ಥಾನದಲ್ಲಿ ಭಾರತೀಯ ನ್ಯಾಯಸಂಹಿತೆಯು 2024ರ ಜುಲೈ 1ರಂದು ಜಾರಿಗೆ ಬಂದಿತು. ಅದರಲ್ಲಿ ಚರಸ್ವತ್ತಿನ ಲಕ್ಷಣವನ್ನು ಹೇಳುವಾಗ ‘ಮೂರ್ತ’ ಎಂಬ ವಿಶೇಷಣವನ್ನು ಕೈಬಿಡಲಾಗಿದೆ. 1896ರಲ್ಲಿ ಜರ್ಮನ್ ನ್ಯಾಯಾಧೀಶರು ಯಾವ ಅರ್ಥದ ಮೇಲೆ ನಿಂತು ಒಬ್ಬನನ್ನು ಬಿಡುಗಡೆ ಮಾಡಿದರೋ, 1910ರಲ್ಲಿ ಭಾರತದ ಶಾಸನಕರ್ತರು ಯಾವುದನ್ನು ದಾಟಲು ‘ಭಾವಿಸತಕ್ಕದ್ದು’ ಎಂಬ ಸೇತುವೆಯನ್ನು ಕಟ್ಟಿದರೋ, ಆ ವಿಶೇಷಣವೇ ಈಗ ಲಕ್ಷಣವಾಕ್ಯದಲ್ಲಿಲ್ಲ. ವಿದ್ಯುಚ್ಛಕ್ತಿಯ ಅಪಹರಣಕ್ಕೆ ಪ್ರತ್ಯೇಕ ಶಾಸನವಿರುವುದರಿಂದ ಇದರ ಪರಿಣಾಮವು ಆ ವಿಷಯದಲ್ಲಿ ಕೂಡಲೇ ಕಾಣಿಸಲಿಕ್ಕಿಲ್ಲ. ಆದರೆ ಮುಷ್ಟಿಗೆ ಸಿಕ್ಕದ ಇತರ ಸ್ವತ್ತುಗಳ ವಿಷಯದಲ್ಲಿ ಹಳೆಯ ಪ್ರಶ್ನೆಯೇ ಹೊಸ ವೇಷದಿಂದ ಬರುವುದು ನಿಶ್ಚಯ. ಆಗ ಈ ಚರಿತ್ರೆಯಿಂದ ಕಲಿಯತಕ್ಕ ಪಾಠವೊಂದುಂಟು. ಲೋಕದಲ್ಲಿ ಹೊಸ ಪದಾರ್ಥವು ಹುಟ್ಟಿದಾಗ ಅದಕ್ಕೆ ಹೊಸ ಶಬ್ದವನ್ನೋ ಹೊಸ ಲಕ್ಷಣವನ್ನೋ ಬಹಿರಂಗವಾಗಿ ಕೊಡುವುದು ಶಾಸನಸಭೆಯ ಕರ್ತವ್ಯ. ಆ ಕರ್ತವ್ಯವು ನೆರವೇರುವವರೆಗೆ ಹಳೆಯ ಶಬ್ದವನ್ನು ಅದರ ಮಿತಿಯಲ್ಲಿಯೇ ಇಡುವುದರಿಂದ ಒಬ್ಬ ವಂಚಕನು ತಪ್ಪಿಸಿಕೊಳ್ಳಬಹುದು. ಮಿತಿಯನ್ನು ಮೀರುವುದರಿಂದಾದರೋ ಪ್ರಜೆಗಳೆಲ್ಲರೂ ತಮ್ಮ ಕೃತ್ಯವು ಅಪರಾಧವೋ ಅಲ್ಲವೋ ಎಂಬುದನ್ನು ಮುಂಗಡವಾಗಿ ತಿಳಿಯುವ ಹಕ್ಕನ್ನು ಕಳೆದುಕೊಳ್ಳುತ್ತಾರೆ.